ಭಂಡಾರ ತೊಳೆಸಿದ ದಿನ

ಮೊದಲ ಕಲ್ಲು ಬಂದು ಬಡಿದದ್ದು ನಮ್ಮ ಜೀಪಿನ ಪಕ್ಕದ ಗಾಜಿಗೆ. ಬೆಳಿಗ್ಗೆ ಒಂಬತ್ತೂವರೆ. ಗಾಜಿನ ಚೂರೆಲ್ಲ ನನ್ನ ತೊಡೆಯ ಮೇಲಿದ್ದ ಚುನಾವಣಾ ಕಡತದ ಮೇಲೆ ಸುರಿಯಿತು. ಡ್ರೈವರು ಬ್ರೇಕು ಒತ್ತಿ, ಗಾಡಿ ತಿರುಗಿಸಲೇ ಎಂದು ಕೇಳಿದ. ತಿರುಗಿಸಿಕೊಂಡು ಹೋಗಲು ನನ್ನ ಮಾವನ ಮನೆಯ ಮದುವೆಗೆ ಬಂದಿದ್ದೆವೇ? ಸುಮ್ಮನೆ ನಡೆಸು ಎಂದು ಬೈದೆ. ಬೈದದ್ದು ಧೈರ್ಯಕ್ಕಲ್ಲ, ಹೆದರಿಕೆಗೆ. ಹೆದರಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ, ಇದು ನನ್ನ ಹಳೆಯ ರೋಗ.

ನಾನು ದನದ ಡಾಕ್ಟರು. ಕಾಗವಾಡ ತಾಲ್ಲೂಕಿನಲ್ಲಿ ಎಮ್ಮೆ, ಆಡು, ಕೋಳಿಗಳ ನಡುವೆ ಹೇಗೋ ಇದ್ದವನು. ಆದರೆ ಗ್ರಾಮ ಪಂಚಾಯ್ತಿಗಳ ಎರಡನೆಯ ಅವಧಿಗೆ ಅಧ್ಯಕ್ಷರನ್ನು ಆರಿಸುವ ಹೊತ್ತು ಬಂದರೆ, ಗೆಜೆಟೆಡ್ ಅಧಿಕಾರಿ ಎನಿಸಿಕೊಂಡವರನ್ನೆಲ್ಲ ಒಂದೊಂದು ಊರಿಗೆ ಚುನಾವಣಾಧಿಕಾರಿ ಮಾಡಿ ಅಟ್ಟುತ್ತಾರೆ. ಆ ದಿನ ಊರಿನ ಜನ ಮತ ಹಾಕುವುದಿಲ್ಲ. ಗೆದ್ದ ಸದಸ್ಯರೇ ಗುಪ್ತ ಮತದಿಂದ ತಮ್ಮೊಳಗೊಬ್ಬರನ್ನು ಆರಿಸಬೇಕು. ನನ್ನ ಪಾಲಿಗೆ ಬಂದದ್ದು ಕೃಷ್ಣೆಯ ದಂಡೆಯ ಒಂದು ಊರು. ಹೆಸರು ಹೇಳುವುದಿಲ್ಲ. ಸದಸ್ಯರು ಹದಿಮೂರು, ಸ್ಥಾನ ಮಹಿಳೆಗೆ ಮೀಸಲು, ಕಣದಲ್ಲಿ ಇಬ್ಬರು. ಒಬ್ಬಳು ಮಾಜಿ ಅಧ್ಯಕ್ಷರ ಸೊಸೆ. ಇನ್ನೊಬ್ಬಳು ಮುಕಾದಮನ ನಾದಿನಿ, ಅವನ ತಮ್ಮನ ಹೆಂಡತಿ. ಕಬ್ಬು ಕಡಿಯುವ ಗ್ಯಾಂಗುಗಳನ್ನು ಕಟ್ಟಿ ಕಾರ್ಖಾನೆಗಳಿಗೆ ಕಳಿಸುವವನಿಗೆ ನಮ್ಮ ಕಡೆ ಮುಕಾದಮ ಎನ್ನುತ್ತಾರೆ. ಆ ಊರಿನ ಅರ್ಧ ಮನೆಗಳ ಒಲೆ ಉರಿಯುವುದು ಅವನು ಕೊಡುವ ಕೆಲಸದಿಂದ.

ಬೆಳಿಗ್ಗೆ ಇಬ್ಬರೂ ಬಂದು ನಾಮಪತ್ರ ಕೊಟ್ಟರು. ಪರಿಶೀಲಿಸಿದೆ, ಎರಡೂ ಸರಿಯಿದ್ದವು, ಯಾರೂ ಹಿಂತೆಗೆದುಕೊಳ್ಳಲಿಲ್ಲ. ಒಂದು ಗಂಟೆಗೆ ಸಭೆ. ಮಾಜಿ ಅಧ್ಯಕ್ಷರ ಕಡೆಯ ಆರು ಮಂದಿ ಹನ್ನೆರಡಕ್ಕೇ ಬಂದು ಸಭಾಂಗಣದಲ್ಲಿ ಕುಳಿತರು. ಬೆಳಿಗ್ಗೆ ನಾಮಪತ್ರ ಕೊಟ್ಟು ಹೋಗಿದ್ದ ನಾದಿನಿಯನ್ನು ಬಿಟ್ಟರೆ, ಉಳಿದ ಆರು ಮಂದಿಯನ್ನು ಮುಕಾದಮ ಹತ್ತು ದಿನದಿಂದ ಕೊಂಕಣದ ಕಡೆ ಎಲ್ಲೋ ಇಟ್ಟಿದ್ದ. ಫೋನು ಕಿತ್ತುಕೊಂಡು ಸಮುದ್ರ ತೋರಿಸುತ್ತಿದ್ದಾನೆ ಎಂದು ಪಂಚಾಯ್ತಿಯ ಪಿಡಿಒ ನಕ್ಕಿದ್ದರು. ಹನ್ನೆರಡೂ ಮುಕ್ಕಾಲಿಗೆ ಅವಳನ್ನೂ ಅವರನ್ನೂ ಹೊತ್ತ ಎರಡು ಕ್ರೂಸರ್ ಗಾಡಿಗಳು ಬಂದವು. ಆಗ ನಗು ನಿಂತಿತು.

ಗೇಟಿನಲ್ಲಿ ಮಾಜಿ ಅಧ್ಯಕ್ಷರ ಹುಡುಗರು ಗಾಡಿಯ ಬಾಗಿಲು ಕಿತ್ತು ಒಬ್ಬ ಸದಸ್ಯನನ್ನು ಎಳೆಯಲು ನೋಡಿದರು. ಮುಕಾದಮನ ಗ್ಯಾಂಗಿನವರು ಕಬ್ಬಿನ ಗಳ ಹಿಡಿದು ಬಿದ್ದರು. ಹಸಿ ಕಬ್ಬಿನ ಏಟು ತಿಂದವರಿಗೇ ಗೊತ್ತು, ಚರ್ಮ ಸುಲಿದು ಬರುತ್ತದೆ. ಇಬ್ಬರ ಸೊಂಟದಲ್ಲಿ ಕೊಯ್ತಾ ಕಂಡಿತು, ಕಬ್ಬು ಕಡಿಯುವ ಬಾಗಿದ ಕತ್ತಿ. ಪಿಎಸ್‌ಐ ಬಳಿ ಇದ್ದವರು ಎಂಟು ಜನ ಪೇದೆಗಳು. ಅವರಲ್ಲೊಬ್ಬನ ಹಣೆಗೆ ಇಟ್ಟಿಗೆ ಬಿತ್ತು. ಅವನು ಟೊಪ್ಪಿಗೆ ಹುಡುಕುತ್ತ ನೆಲದ ಮೇಲೆ ಕೈಯಾಡಿಸುತ್ತಿದ್ದ, ರಕ್ತ ಮೂಗಿನ ಮೇಲಿಂದ ಇಳಿಯುತ್ತಿತ್ತು, ಹುಡುಕುವುದು ಮಾತ್ರ ಬಿಡಲೊಲ್ಲ. ಹೇಗೋ ಏಳು ಜನರನ್ನು ಒಳಗೆ ತಳ್ಳಿ ಗೇಟು ಹಾಕಿದರು. ಹೊರಗೆ ನಾಲ್ಕೈದು ನೂರು ಮಂದಿ ಇದ್ದಿರಬೇಕು.

ಸಭೆ ಶುರುಮಾಡಿ ಹಾಜರಿ ಪುಸ್ತಕ ತಿರುಗಿಸಿದೆ. ಅದು ನನ್ನ ಕೈಗೆ ಮರಳಿ ಬಂದಾಗ ಪುಟ ಬಿಚ್ಚಿ ನೋಡಿದೆ. ಏಳು ಸಹಿಗಳ ಸುತ್ತ ಹಳದಿ ಬೆರಳಚ್ಚು. ಆರು ಸಹಿ ಸ್ವಚ್ಛ. ಏಳೂ ಜನರ ಕೈ ನೋಡಿದೆ, ಮಣಿಕಟ್ಟಿನವರೆಗೆ ಭಂಡಾರ, ದೇವರ ಅರಿಷಿಣ. ಬರುವ ದಾರಿಯಲ್ಲಿ ಬೀರಪ್ಪನ ಗುಡಿಗೆ ಕರೆದೊಯ್ದು, ಅರಿಷಿಣದ ಪುಡಿಯ ಪರಾತದಲ್ಲಿ ಎರಡೂ ಕೈ ಅದ್ದಿಸಿ, ಮತ ನಮಗೇ ಎಂದು ಆಣೆ ಮಾಡಿಸಿದ್ದ ಮುಕಾದಮ. ಕೈ ಕೊಡವಬೇಡಿ, ಹಾಗೇ ಹೋಗಿ ಹಾಕಿ ಬನ್ನಿ ಎಂದೂ ಹೇಳಿ ಕಳಿಸಿದ್ದ.

ಅದು ಭಕ್ತಿಯೋ ಹುನ್ನಾರವೋ ಇವತ್ತಿಗೂ ನನಗೆ ಗೊತ್ತಿಲ್ಲ. ಎರಡೂ ಇರಬಹುದು. ಫೋನಿನಲ್ಲಿ ಮತಪತ್ರದ ಫೋಟೋ ತೆಗೆಯದಂತೆ ನಾನು ಎಲ್ಲರ ಫೋನು ಬುಟ್ಟಿಗೆ ಹಾಕಿಸಿಕೊಂಡಿದ್ದೆ, ಜಾಣನೆಂದು ಬೀಗಿಯೂ ಇದ್ದೆ. ಈ ಕೈಗಳಲ್ಲಿ ಮತ ಹಾಕಿದರೆ ಏಳು ಮತಪತ್ರ ಹಳದಿಯಾಗುತ್ತವೆ. ಮತ ಹಾಕಿದವರ ಗುರುತು ಸಿಗುವಂಥ ಕಲೆಯಿದ್ದರೆ ಆ ಮತಪತ್ರ ತಿರಸ್ಕರಿಸಬೇಕು, ಅದು ನಿಯಮ. ತಿರಸ್ಕರಿಸಿದರೆ ಮುಕಾದಮನ ಕಡೆಯವರು ಈ ಕಟ್ಟಡಕ್ಕೆ ಬೆಂಕಿ ಇಡುತ್ತಾರೆ. ತಿರಸ್ಕರಿಸದಿದ್ದರೆ ಇನ್ನೊಂದು ಕಡೆಯವರು ಇಡುತ್ತಾರೆ. ತಾಲ್ಲೂಕಿನ ಮೇಲಧಿಕಾರಿಗೆ ಫೋನು ಮಾಡಿದೆ. ನಿಮ್ಮ ವಿವೇಚನೆಗೆ ಬಿಟ್ಟಿದ್ದು ಡಾಕ್ಟರೇ ಎಂದು ಇಟ್ಟುಬಿಟ್ಟರು. ಏನು ಪುಣ್ಯಾತ್ಮರಪ್ಪ!

ಜೀಪಿನಲ್ಲಿ ನನ್ನ ಕಿಟ್ಟು ಇತ್ತು. ಅದರಲ್ಲಿ ಹಸುಗಳ ಗರ್ಭ ನೋಡುವಾಗ ಹಾಕುವ ಪ್ಲಾಸ್ಟಿಕ್ ಗವಸುಗಳು, ಭುಜದವರೆಗೆ ಬರುವಂಥವು, ಒಂದು ಕಟ್ಟು. ಹದಿಮೂರೂ ಜನಕ್ಕೆ ಒಂದೊಂದು ಕೊಟ್ಟುಬಿಡೋಣವೇ ಎಂದು ನಿಜವಾಗಿ ಯೋಚಿಸಿದೆ. ಪಂಚಾಯ್ತಿ ಸದಸ್ಯರಿಗೆ ದನದ ಗವಸು ಹಾಕಿಸಿದ ಡಾಕ್ಟರು ಎಂದು ನಾಳೆ ಪೇಪರಿನಲ್ಲಿ ಬಂದರೆ ಇಲಾಖೆಯಲ್ಲಿ ತಲೆಯೆತ್ತಿ ತಿರುಗುವುದು ಹೇಗೆ? ನಾಚಿಕೆಯಾಯಿತು, ಬಿಟ್ಟೆ. ಆ ನಾಚಿಕೆಯನ್ನು ನೆನೆದರೆ ಈಗಲೂ ನನ್ನ ಕೆನ್ನೆಗೆ ನಾನೇ ಹೊಡೆದುಕೊಳ್ಳಬೇಕು ಅನ್ನಿಸುತ್ತದೆ.

ಕಿಟ್ಟಿನಿಂದ ಕೆಂಪು ಸಾಬೂನು ತರಿಸಿದೆ. ಹದಿಮೂರೂ ಜನ ಜಗಲಿಯ ನಳದಲ್ಲಿ ಕೈ ತೊಳೆದು, ಒರೆಸಿಕೊಂಡು ಬಂದು ಮತಪತ್ರ ತೆಗೆದುಕೊಳ್ಳಬೇಕು ಎಂದು ಹೇಳಿದೆ, ನಡಾವಳಿ ಪುಸ್ತಕದಲ್ಲೂ ಬರೆಸಿದೆ. ಮುಕಾದಮನ ನಾದಿನಿ ಎದ್ದು ನಿಂತು, ಆಣೆಯ ಭಂಡಾರ ತೊಳೆಸಿದರೆ ಬೀರಪ್ಪ ನಿಮ್ಮ ಮನೆತನ ಉಳಿಸುವುದಿಲ್ಲ ಎಂದು ನನ್ನ ಮುಖಕ್ಕೆ ಬೆರಳು ಚಾಚಿದಳು. ಕೈ ತೊಳೆಯದವರಿಗೆ ಮತಪತ್ರವಿಲ್ಲ ಎಂದು ಮೇಜು ಗುದ್ದಿದೆ. ಯಾರೂ ಅಲುಗಾಡಲಿಲ್ಲ. ಆರು ಸ್ವಚ್ಛ ಕೈಗಳವರೂ ತಮಗೇಕೆ ಉಸಾಬರಿ ಎಂದು ಕುಳಿತಿದ್ದರು. ಬಾಗಿಲ ಹತ್ತಿರದ ಕುರ್ಚಿಯಲ್ಲಿ ಎರಡನೆಯ ವಾರ್ಡಿನ ಸದಸ್ಯೆ ಇದ್ದಳು. ನಲವತ್ತರ ಆಸುಪಾಸು, ಕೂಲಿ ಕೆಲಸದ ಹೆಂಗಸು, ಅವಳ ಗಂಡ ಮುಕಾದಮನ ಗ್ಯಾಂಗಿನಲ್ಲೇ ಕಬ್ಬು ಕಡಿಯುವವನು. ಕಣ್ಣಿಗೆ ಬಿದ್ದವಳು ಅವಳೇ.

"ಅಕ್ಕಾರ, ನೀವರ ಬರ್ರಿ ಮೊದಲ," ಎಂದೆ.

ಅವಳು ಎದ್ದಳು. ಜಗಲಿಗೆ ಹೋಗಿ, ಸೀರೆ ನೆರಿಗೆ ಸಿಕ್ಕಿಸಿಕೊಂಡು ಕುಕ್ಕುರುಗಾಲಲ್ಲಿ ಕೂತು, ಮೊಣಕೈವರೆಗೆ ಸಾಬೂನು ಹಚ್ಚಿ, ಉಗುರಿನ ಸಂದಿಯನ್ನೂ ಬಿಡದೆ ತಿಕ್ಕಿ ತೊಳೆದಳು. ಹೊಲದಿಂದ ಮನೆಗೆ ಬಂದವರು ತೊಳೆಯುವ ಹಾಗೆ. ಜಗಲಿ ಗೇಟಿಗೆ ನೇರ ಕಾಣುತ್ತದೆ, ಅದು ನನಗೆ ಹೊಳೆದಿರಲಿಲ್ಲ. ಹಳದಿ ನೀರು ಮೆಟ್ಟಿಲ ಮೇಲೆ ಹರಿದದ್ದನ್ನು ಅಷ್ಟು ಜನವೂ ನೋಡಿತು. ಹೊರಗೆ ಬೈಗುಳ ಶುರುವಾಯಿತು. ಕನ್ನಡದಲ್ಲಿ, ಮರಾಠಿಯಲ್ಲಿ, ಅವಳ ಜಾತಿ ಎತ್ತಿ, ಅವಳ ತಾಯಿಯನ್ನು ಎತ್ತಿ. ಬುದ್ಧನ ಕಡೆ ಹೋದವರಿಗೆ ಭಂಡಾರದ ಬೆಲೆ ಏನು ಗೊತ್ತು ಎಂದು ಒಬ್ಬ ಕೂಗಿದ. ಅವಳ ಮನೆಯವರು ಬೌದ್ಧರು ಎಂದು ನನಗೆ ತಿಳಿದದ್ದೇ ಆಗ. ಆಮೇಲೆ ಒಬ್ಬೊಬ್ಬರೇ ಬಂದರು. ಒಬ್ಬ ಮುದುಕ ನೀರು ಬಿಡುವಾಗ ತಪ್ಪಾಯ್ತೋ ಬೀರಪ್ಪಾ ಎಂದು ಗಲ್ಲ ಬಡಿದುಕೊಂಡ. ನಾದಿನಿ ಅಳುತ್ತ ತೊಳೆದಳು.

ಒಂದೂವರೆಗೆ ಮತದಾನ. ಗೋಡೆಗೆ ಅಡ್ಡಲಾಗಿ ಒಂದು ಬೀರು ಎಳೆದಿಟ್ಟು ಮರೆ ಮಾಡಿದ್ದೆವು. ಮತಪತ್ರದ ಹಿಂದೆ ನನ್ನ ಸಹಿ, ಮುಂದೆ ಕನ್ನಡದಲ್ಲಿ ಇಬ್ಬರ ಹೆಸರು, ಬೇಕಾದವರ ಹೆಸರಿನೆದುರು ಗುಣಾಕಾರದ ಗುರುತು. ಚಿಹ್ನೆ, ಚಿತ್ರ ಏನೂ ಇರುವುದಿಲ್ಲ. ತಗಡಿನ ಮಾಡಿಗೆ ಕಲ್ಲು ಬೀಳುತ್ತಲೇ ಇದ್ದವು, ಪ್ರತಿ ಕಲ್ಲಿಗೂ ಕುಳಿತವರ ಹೆಗಲು ಕುಗ್ಗುತ್ತಿತ್ತು. ಎರಡನೆಯ ವಾರ್ಡಿನ ಅಕ್ಕ ಮತಪತ್ರ ಹಿಡಿದು ನನ್ನ ಮುಂದೆ ನಿಂತಳು. ಕನ್ನಡ ಓದಲು ಬರುವುದಿಲ್ಲ, ಗಡಿಯಾಚೆ ತವರಿನಲ್ಲಿ ಮರಾಠಿ ಶಾಲೆಯಲ್ಲಿ ಕಲಿತದ್ದು ಎಂದಳು. ಓದಲಾಗದವರ ಮತವನ್ನು ಅವರು ಹೇಳಿದಂತೆ ಅಧಿಕಾರಿಯೇ ಗುರುತು ಮಾಡಿಕೊಡಬಹುದು. ಎಲ್ಲರೆದುರು ಅದನ್ನು ಘೋಷಿಸಿ, ಅವಳನ್ನು ಬೀರುವಿನ ಹಿಂದೆ ಕರೆದುಕೊಂಡು ಹೋದೆ.

ಎರಡೂ ಹೆಸರು ಪಿಸುಮಾತಿನಲ್ಲಿ ಓದಿದೆ. ಅವಳು ಮುಕಾದಮನ ನಾದಿನಿಯ ಹೆಸರಿನ ಮೇಲೆ ಬೆರಳಿಟ್ಟಳು. ಹೊರಗೆ ಆ ಬೈಗುಳ ಕೇಳಿಯೂ! ತಪ್ಪಿ ಇಟ್ಟಳೇನೋ ಎಂದು ಇನ್ನೊಮ್ಮೆ ಓದಿದೆ. ಅದೇ ಹೆಸರು.

"ದೇವ್ರ ಸಲುವಾಗಿ ಅಲ್ರಿ ಸಾಹೇಬ್ರ," ಎಂದಳು ಮೆಲ್ಲಗೆ. "ಮಾತ ಕೊಟ್ಟೇನಿ."

ಗುರುತು ಹಾಕಿದೆ. ನಿಮ್ಮ ಮತ ಯಾರಿಗೂ ಹೇಳುವುದಿಲ್ಲ ಎಂದೆ. ಹಾಗೆ ಹೇಳುವುದು ನನ್ನ ಕೆಲಸದ ಭಾಗ, ಅದಕ್ಕಿಂತ ಹೆಚ್ಚು ಯೋಚಿಸಿರಲಿಲ್ಲ. ಅವಳು ಮತಪತ್ರ ಮಡಚಿ ಪೆಟ್ಟಿಗೆಗೆ ಹಾಕಿ ತನ್ನ ಕುರ್ಚಿಗೆ ಹೋದಳು.

ಎಣಿಸಿದರೆ ಮಾಜಿ ಅಧ್ಯಕ್ಷರ ಸೊಸೆಗೆ ಏಳು, ಮುಕಾದಮನ ನಾದಿನಿಗೆ ಆರು. ಭಂಡಾರ ಮುಟ್ಟಿದ ಏಳು ಜನರಲ್ಲಿ ಒಬ್ಬರು ಆಣೆ ಮುರಿದಿದ್ದರು. ಮತಪತ್ರಗಳ ಮೇಲೆ ಒಂದು ಹಳದಿ ಚುಕ್ಕೆಯೂ ಇರಲಿಲ್ಲ. ಯಾರು ಎಂದು ಹೇಳಲು ದೇವರಿಂದಲೂ ಆಗುತ್ತಿರಲಿಲ್ಲ. ಮೂರು ಸಲ ಎಣಿಸಿ ತೋರಿಸಿ ಫಲಿತಾಂಶ ಓದಿದೆ. ನಾದಿನಿ ತಿರುಗಿ ಬಾಗಿಲ ಹತ್ತಿರದ ಕುರ್ಚಿಯ ಕಡೆ ನೋಡಿದಳು. ಆಮೇಲೆ ಕಿಟಕಿಗೆ ಹೋಗಿ ಹೊರಗಿನವರಿಗೆ ಏನೋ ಹೇಳಿದಳು.

ಸಭೆ ಮುಗಿದಿದೆ, ಆದರೆ ಪೊಲೀಸರು ಹೇಳುವವರೆಗೆ ಯಾರೂ ಹೊರಗೆ ಹೋಗಬೇಡಿ ಎಂದು ನಾನು ಹೇಳಿದ್ದು ಹೌದು. ಅಷ್ಟರಲ್ಲಿ ಹೊರಗಿನಿಂದ ಎರಡನೆಯ ವಾರ್ಡಿನ ಅಕ್ಕನ ಗಂಡನ ಕೂಗು ಕೇಳಿತು. ಅವನನ್ನು ಹಿಡಿದಿದ್ದರು. ಅವಳು ನನ್ನ ಮಾತು ಕೇಳುತ್ತ ಕೂಡುತ್ತಾಳೆಯೇ, ಓಡಿದಳು. ಆಗ ನಾನು ಮತಪತ್ರಗಳ ಲಕೋಟೆಗೆ ಅರಗಿನ ಮುದ್ರೆ ಒತ್ತುತ್ತಿದ್ದೆ. ಐದು ಮುದ್ರೆಯಲ್ಲಿ ಎರಡು ಬಾಕಿ. ಮುದ್ರೆಯಾಗದ ಲಕೋಟೆ ಬಿಟ್ಟು ಅಧಿಕಾರಿ ಏಳಬಾರದು. ಅವಳ ಚೀರು ಕೇಳುತ್ತಿತ್ತು. ಅವಸರದಲ್ಲಿ ಅರಗು ಬೆರಳ ಮೇಲೆ ಬಿತ್ತು, ಆದರೂ ಎರಡೂ ಮುದ್ರೆ ಒತ್ತಿ, ಲಕೋಟೆಯನ್ನು ಪಿಡಿಒ ಕೈಗೆ ಕೊಟ್ಟು ಓಡಿದೆ. ನಾನು ಸರಿಯಾದದ್ದನ್ನೇ ಮಾಡಿದೆ ಎಂದು ವಿಚಾರಣೆಯಲ್ಲಿ ಹೇಳಿದರು.

ಗೇಟು ಬಿದ್ದಿತ್ತು. ಅವಳ ಗಂಡ ಗಟಾರದ ಅಂಚಿನಲ್ಲಿ ಮುಖ ಕೆಳಗಾಗಿ ಬಿದ್ದಿದ್ದ, ಅವನ ಜೊತೆಯಲ್ಲೇ ಕಬ್ಬು ಕಡಿಯುವವರು ಅವನನ್ನು ಒದೆಯುತ್ತಿದ್ದರು. ಅವಳ ತುರುಬು ಒಬ್ಬನ ಮುಷ್ಟಿಯಲ್ಲಿತ್ತು. ಇನ್ನೊಬ್ಬ ಬಡಿಗೆಯಿಂದ ಹೊಡೆಯುತ್ತಿದ್ದ. ತಲೆಗೆ ಬೀಳಬೇಕಾದ ಏಟಿಗೆ ಅವಳು ಕೈ ಅಡ್ಡ ಕೊಟ್ಟಳು, ಎಲುಬು ಮುರಿದ ಸದ್ದು ನನಗೆ ಕೇಳಿತು. ಎತ್ತಿನ ಕಾಲು ಮುರಿದ ಸದ್ದು ಕೇಳಿದವನಿಗೆ ಅದು ತಪ್ಪುವುದಿಲ್ಲ. ಮೂರನೆಯವನು ಒಂದು ಮುಷ್ಟಿ ಭಂಡಾರ ತಂದು ಅವಳ ಬಾಯಿಗೆ ತುರುಕಿದ. ನಾನು ಏನು ಕೂಗಿದೆನೋ ನೆನಪಿಲ್ಲ. ಕಿವಿಯ ಮೇಲೆ ಏಟು ಬಿತ್ತು, ಕನ್ನಡಕ ಹೋಯಿತು. ಬಡಿಗೆಯವನ ಕೈಯನ್ನು ಕಚ್ಚಿದ್ದು ನೆನಪಿದೆ. ಐವತ್ತೆರಡು ವರ್ಷದ ಗಂಡಸು, ಸರ್ಕಾರಿ ಅಧಿಕಾರಿ, ಕಚ್ಚಿದೆ. ಪೇದೆಗಳು ಲಾಠಿ ಬೀಸಿ ದಾರಿ ಮಾಡಿದರು. ಒಬ್ಬ ಮಹಿಳಾ ಪೇದೆಯೂ ನಾನೂ ಅವಳನ್ನು, ಇನ್ನಿಬ್ಬರು ಅವಳ ಗಂಡನನ್ನು ಒಳಗೆ ಎಳೆದುಕೊಂಡು ಬಾಗಿಲ ಅಗುಳಿ ಹಾಕಿದೆವು.

ಅಥಣಿಯಿಂದ ಪೊಲೀಸ್ ವ್ಯಾನು ಹೊರಟಿದೆ ಎಂದರು. ಅದು ಬರುವವರೆಗೆ ನಾವು ಒಳಗೆ, ಅವರು ಹೊರಗೆ. ಮನುಷ್ಯರಿಗೆ ಚಿಕಿತ್ಸೆ ಕೊಡುವ ಅಧಿಕಾರ ನನಗಿಲ್ಲ, ಆದರೆ ಅಲ್ಲಿ ಬೇರೆ ಯಾರಿದ್ದರು? ಅವಳ ಬಾಯಿ ತೊಳೆಸಿದೆ, ಹಳದಿಯ ಜೊತೆ ರಕ್ತ ಬಂತು. ಪಿಡಿಒ ಮೇಜಿನ ಮರದ ಅಳತೆಪಟ್ಟಿ ಎರಡು ತೆಗೆದುಕೊಂಡು, ಲಕೋಟೆ ಸುತ್ತಲು ತಂದಿದ್ದ ಬಟ್ಟೆ ಹರಿದು, ಮುಂಗೈಗೆ ದಬ್ಬೆ ಕಟ್ಟಿದೆ. ಕಟ್ಟುವಾಗ ಅವಳು ಹಲ್ಲು ಕಚ್ಚಿ ನನ್ನನ್ನೇ ನೋಡುತ್ತಿದ್ದಳು. ಉಳಿದ ಸದಸ್ಯರು ಗೋಡೆಗೊರಗಿ ಕುಳಿತಿದ್ದರು. ಅವಳನ್ನೂ ನಾದಿನಿಯನ್ನೂ ಬಿಟ್ಟರೆ ಆಣೆ ಮಾಡಿದವರು ಐವರು. ಮೂವರು ಹೆಂಗಸರು, ಇಬ್ಬರು ಗಂಡಸರು. ಒಬ್ಬರಾದರೂ ತಲೆ ಎತ್ತಿರಲಿಲ್ಲ.

ಕಿಟಕಿಯ ಸರಳಿಗೆ ಮುಕಾದಮ ಬಂದು ನಿಂತ. ಅವನು ಕೂಗಲಿಲ್ಲ. ಅದಕ್ಕೇ ಹೆಚ್ಚು ಭಯವಾಯಿತು.

"ಡಾಕ್ಟರ್ ಸಾಹೇಬ್ರ, ಆಕಿ ಓಟು ಬರದಾವ್ರು ನೀವ. ಯಾರಿಗಿ ಹಾಕ್ಯಾಳ ಅಂತ ಒಂದ ಮಾತ ಹೇಳ್ರಿ. ನಮಗ ಹಾಕಿದ್ರ ಆಕಿ ಕಾಲಿಗಿ ಬೀಳ್ತೀನಿ. ಖರೇ ಹೇಳ್ತೀನಿ, ಇಲ್ಲೇ ಬೀಳ್ತೀನಿ."

ಹೇಳಲು ಬರುವುದಿಲ್ಲ, ಕಾನೂನು ಬಿಡುವುದಿಲ್ಲ ಎಂದೆ. ಹಾಗಾದರೆ ಅವಳೇ ಅಂತಾಯಿತು ಎಂದ. ಅವನ ಹಿಂದೆ ಕೊಯ್ತಾಗಳು ಕಾಣುತ್ತಿದ್ದವು. ಇವತ್ತು ವ್ಯಾನು ಬರಬಹುದು, ನಾಳೆ ಅವಳ ಗುಡಿಸಲಿಗೆ ಯಾರು ಬರುತ್ತಾರೆ ಸಾಹೇಬರೇ ಎಂದು ಕೇಳಿದ. ಪ್ರಶ್ನೆ ಸರಿಯಾಗಿತ್ತು. ನನ್ನ ಮೌನವೇ ಅವಳ ಮೇಲೆ ಬಡಿಗೆಯಾಗುತ್ತಿತ್ತು. ಗುಪ್ತತೆ ಹಾಳಾಗಿ ಹೋಗಲಿ, ನೌಕರಿ ಹೋದರೆ ಹೋಗಲಿ, ಇದ್ದದ್ದನ್ನು ಹೇಳಿಬಿಡುತ್ತೇನೆ ಎಂದು ಎದ್ದೆ. ಎರಡು ಹೆಜ್ಜೆ ಇಟ್ಟಿದ್ದೆ. ಅವಳು ಒಳ್ಳೆಯ ಕೈಯಿಂದ ನನ್ನ ಅಂಗಿಯ ಅಂಚು ಹಿಡಿದಳು.

"ಹೇಳಬ್ಯಾಡ್ರಿ."

ಯಾಕೆ ಎಂದು ನಾನು ಸಿಟ್ಟಿನಿಂದಲೇ ಕೇಳಿದೆ. ಅವಳು ಗೋಡೆಗೊರಗಿದ ಐವರ ಕಡೆ ಗಲ್ಲ ತಿರುಗಿಸಿದಳು. ಆಗ ನನಗೆ ತಲೆಗೆ ಹೋಯಿತು. ಇವಳಲ್ಲ ಎಂದರೆ ಉಳಿದವರು ಆ ಐವರೇ. ಆ ಐವರಿಗೂ ಕೈಗಳಿವೆ. ಮತ್ತೆ ಅವಳು ಗೋಡೆ ಹಿಡಿದು ಎದ್ದು, ನನ್ನನ್ನು ದಾಟಿ, ಕಿಟಕಿಯ ಹತ್ತಿರ ಹೋಗಿ ನಿಂತಳು. ತುಟಿ ಬಾತಿತ್ತು, ಗದ್ದದ ಮೇಲೆ ಇನ್ನೂ ಹಳದಿ ಇತ್ತು.

"ಹೌದ, ನಾನ ಹಾಕೇನಿ ಆ ಕಡಿ," ಎಂದಳು. "ಹೊಡ್ತ ತಿಂದಾಕಿ ನಾನು. ಇನ್ನ ಆ ಓಟೂ ನಂದ ಇರ್ಲಿ. ಮುಗಿತಲ್ಲ? ಈ ಕೈಯಾಗ ನಿಮ್ಮ ಗ್ಯಾಂಗಿನ ಕಬ್ಬು ಕಟ್ಟೀನಿ ಇಷ್ಟ ವರ್ಷ. ಇನ್ನ ಕಟ್ಟಂಗಿಲ್ಲ."

ಮುಕಾದಮ ಅವಳನ್ನೇ ನೋಡಿದ, ನನ್ನನ್ನು ನೋಡಿದ. ನನ್ನ ಮುಖದಲ್ಲಿ ಏನು ಓದಿಕೊಂಡನೋ. ಸರಳು ಬಿಟ್ಟು ಹಿಂದೆ ಸರಿದ. ಒಳಗೆ ಯಾರೋ ಬಿಕ್ಕಿದರು. ಯಾರು ಎಂದು ನಾನು ತಿರುಗಿ ನೋಡಲಿಲ್ಲ, ನೋಡಬಾರದು ಅನ್ನಿಸಿತು. ಹೊರಗೆ ಹಿಂದಿನ ಸಾಲಿನವರು ಇನ್ನೂ ಕಲ್ಲು ಎಸೆಯುತ್ತಿದ್ದರು, ಮುಂದಿನ ಸಾಲಿನವರು ನಿಲ್ಲಿಸಿದ್ದರು. ಅರ್ಧ ತಾಸಿನಲ್ಲಿ ವ್ಯಾನು ಬಂತು.

ಅವಳ ಕೈ ಮುರಿದವನನ್ನೂ ತುರುಬು ಹಿಡಿದವನನ್ನೂ ಹಿಡಿದುಕೊಂಡು ಹೋದರು, ಕೇಸು ನಡೆದಿದೆ. ನನ್ನ ಹೇಳಿಕೆ ಬರೆದುಕೊಂಡ ಅಧಿಕಾರಿ, ಸದರಿ ಮಹಿಳೆ ಯಾರಿಗೆ ಮತ ಹಾಕಿದ್ದಳು ಎಂದು ಕೇಳಿದ. ಹೇಳಲು ನಿಯಮದಲ್ಲಿ ಅವಕಾಶವಿಲ್ಲ ಎಂದು ಬರೆಸಿದೆ. ಗಂಡ ಹೆಂಡತಿ ಆ ಗ್ಯಾಂಗು ಬಿಟ್ಟರು, ಊರಿನಲ್ಲೇ ಇದ್ದುಕೊಂಡು ಗಂಡ ಶೇಡಬಾಳದ ಕಡೆ ತೋಟದ ಕೆಲಸಕ್ಕೆ ಹೋಗುತ್ತಾನೆ ಎಂದು ಕೇಳಿದ್ದೆ. ಅವಳನ್ನು ನೋಡಲು ಹೋಗಬೇಕೆಂದು ಎಷ್ಟೋ ಸಲ ಅಂದುಕೊಂಡೆ. ಮೊದಲು ನೀವು ಬನ್ನಿ ಎಂದವನು ನಾನು, ಯಾವ ಮುಖ ಹೊತ್ತು ಹೋಗಲಿ?

ಎರಡು ತಿಂಗಳಿಗೆ ಅವಳೇ ಬಂದಳು, ದವಾಖಾನೆಗೆ, ಹೊಟ್ಟೆಯುಬ್ಬಿದ ಆಡು ಹಿಡಿದುಕೊಂಡು. ಪ್ಲಾಸ್ಟರು ಬಿಚ್ಚಿದ್ದರು. ಕೈ ತುಸು ವಾರೆಯಾಗಿ ಕೂಡಿತ್ತು. ಆಡಿಗೆ ಔಷಧ ಕುಡಿಸುತ್ತ, ತಪ್ಪು ನನ್ನದು ಅಕ್ಕಾರ, ನಿಮ್ಮನ್ನು ಮೊದಲು ಕರೆಯಬಾರದಿತ್ತು ಎಂದೆ. ಯಾರನ್ನಾದರೂ ಕರೆಯಲೇಬೇಕಿತ್ತಲ್ಲ ಎಂದಳು. ಪ್ಲಾಸ್ಟರಿನ ಕೈಯಲ್ಲಿ ಅಡುಗೆ ಹೇಗೆ ಮಾಡಿದಿರಿ ಎಂದು ಕೇಳಿದೆ, ನನ್ನನ್ನು ಕ್ಷಮಿಸಿದ್ದೀರಾ ಎಂದು ಕೇಳಲು ಧೈರ್ಯ ಸಾಲದೆ.

ಆ ಐವರಲ್ಲಿ ಒಬ್ಬಾಕೆ ಗಲಾಟೆಯ ಮರುದಿನದಿಂದ ನಸುಕಿಗೇ ಬರುತ್ತಾಳಂತೆ. ಮನೆಯವರ ಕಣ್ಣು ತಪ್ಪಿಸಿ ಬಂದು, ಇಡೀ ದಿನಕ್ಕಾಗುವಷ್ಟು ರೊಟ್ಟಿ ಬಡಿದು, ಒಲೆಯ ಬೂದಿ ಬಳಿದು, ಒಂದು ಮಾತೂ ಆಡದೆ ಹೋಗುತ್ತಾಳಂತೆ. ಕೈ ಕೂಡಿದ ಮೇಲೂ ಬರುವುದು ಬಿಟ್ಟಿಲ್ಲ. ಯಾಕೆ ಬರುತ್ತೀ ಎಂದು ಇವಳು ಕೇಳಿಲ್ಲ. ಅವಳೂ ಹೇಳಿಲ್ಲ.

ನನಗೆ ತಡೆಯಲಾಗಲಿಲ್ಲ. ಯಾರು ಅವಳು ಎಂದು ಕೇಳಿಬಿಟ್ಟೆ.

ಅವಳು ಆಡಿನ ಹಗ್ಗವನ್ನು ವಾರೆಯಾದ ಕೈಗೆ ಸುತ್ತಿಕೊಂಡು, ಮೊದಲ ಸಲ ನನ್ನೆದುರು ನಕ್ಕಳು.

"ನನ್ನ ಓಟು ನೀವು ಹೇಳಿದ್ರೇನ್ರಿ?"